ಪದ್ಮವ್ವನ ಗಿರಣಿಯ ಹರಾಜು

ಜನವರಿ 6, ಸೋಮವಾರ

ಇವತ್ತು ಪದ್ಮವ್ವನ ಗಿರಣಿಯ ಮುಂದೆ ಹಲಗೆ ಬಾರಿಸಿದರು. ಮುನವಳ್ಳಿ ಪೇಟೆಯಲ್ಲಿ ನನ್ನ ಬಳೆ ಅಂಗಡಿಗೂ ಅವಳ ಖಾರದ ಗಿರಣಿಗೂ ನಡುವೆ ಇರುವುದು ಒಂದೇ ಗೋಡೆ, ಹಾಗಾಗಿ ಸದ್ದು ಚೆನ್ನಾಗಿಯೇ ಕೇಳಿಸಿತು. ಸವದತ್ತಿ ಕೋರ್ಟಿನ ಅಮೀನ ನಿಜಗುಣಪ್ಪನವರು ಕನ್ನಡಕವನ್ನು ಮೂಗಿನ ತುದಿಗೆ ಇಳಿಸಿಕೊಂಡು ಕಾಗದ ಓದಿದರು. ಫೈನಾನ್ಸಿನವರ ಸಾಲ ತೀರಿಸದ ಕಾರಣ ಗಿರಣಿ, ಪದ್ಮವ್ವ ಇರುವ ಹಿಂದಿನ ಖೋಲಿ, ಅದರಾಚೆಯ ಖಾಲಿ ಜಾಗ ಎಲ್ಲವನ್ನೂ ಫೆಬ್ರುವರಿ 12ಕ್ಕೆ ಕೋರ್ಟಿನ ಆವರಣದಲ್ಲಿ ಹರಾಜು ಮಾಡುತ್ತಾರಂತೆ.

ಓದಿ ಮುಗಿಸಿ ಕಾಗದವನ್ನು ಬಾಗಿಲಿಗೆ ಅಂಟಿಸಹೋದರು. ಆ ಬಾಗಿಲಿನ ಮೇಲೆ ವರ್ಷಗಟ್ಟಲೆಯ ಖಾರದ ಪುಡಿ, ಅಂಟು ಎಲ್ಲಿ ಹಿಡಿಯಬೇಕು. ಅಮೀನರು ಸೀನಿದರು, ಹಲಗೆಯವನು ಸೀನಿದ, ಕಾಗದ ಕೆಳಗೆ ಬಿತ್ತು. ಕೊನೆಗೆ ನಾನೇ ಅಂಗಡಿಯಿಂದ ಟೇಪು ತಂದು ಕೊಟ್ಟೆ. ಸರಕಾರಿ ಕೆಲಸಕ್ಕೆ ನೆರವಾಗುವುದು ನಾಗರಿಕರ ಕರ್ತವ್ಯ. ಪದ್ಮವ್ವ ನನ್ನನ್ನು ನೋಡಿದ ನೋಟಕ್ಕೆ ಹಾಲು ಒಡೆಯಬೇಕಿತ್ತು.

ಸಾಲ ಅವಳದಲ್ಲ, ಅವಳೇ ಸಾಕಿ ಬೆಳೆಸಿದ ತಮ್ಮ ಕಾಡಪ್ಪನದು. ಅವನು ಬೋರ್ ಕೊರೆಯುವ ಗಾಡಿ ತೆಗೆದುಕೊಂಡ, ಇವಳು ಗಿರಣಿ ತೋರಿಸಿ ಜಾಮೀನಿಗೆ ಸಹಿ ಹಾಕಿದಳು. ಕಂತು ಕಟ್ಟದೆ ಗಾಡಿ ಹೋಯಿತು, ಕಾಡಪ್ಪ ರಾಮದುರ್ಗದ ಕಡೆ ಹೆಂಡತಿಯ ಊರು ಸಾಲಹಳ್ಳಿ ಸೇರಿಕೊಂಡ, ಅಕ್ಕನ ಫೋನು ಎತ್ತುವುದಿಲ್ಲ. ನಾನಾದರೆ ಅಂಥ ತಮ್ಮನಿಗೆ ಜಾಮೀನು ಇರಲಿ, ಛತ್ರಿ ಕೂಡ ಕೊಡುತ್ತಿರಲಿಲ್ಲ.

ಈ ಡೈರಿ ವಿಮೆ ಏಜೆಂಟ ಕೊಟ್ಟದ್ದು. ಮನೆಯಲ್ಲಿ ಉರ್ದು ಆಡಿದರೂ ಸಾಲೆ ಕಲಿತದ್ದು ಕನ್ನಡದಲ್ಲಿ, ಅದಕ್ಕೆ ಕನ್ನಡದಲ್ಲೇ ಬರೆಯುತ್ತೇನೆ. ಮಗ ಮುಸ್ತಕೀಮ ಮೊಬೈಲು ಬಿಟ್ಟು ಬೇರೇನೂ ಓದುವುದಿಲ್ಲ. ಹಾಗಾಗಿ ಇಲ್ಲಿ ಮನಸ್ಸಿಗೆ ಬಂದದ್ದು ಬರೆಯಬಹುದು: ನನಗೆ ಬಹಳ ಖುಷಿಯಾಗಿದೆ.

ಜನವರಿ 9, ಗುರುವಾರ

ಗಿರಣಿಯನ್ನು ನಾನೇ ಕೊಳ್ಳುವುದೆಂದು ತೀರ್ಮಾನಿಸಿದೆ. ಮದುವೆಯಾಗಿ ಈ ಅಂಗಡಿಗೆ ಬಂದ ದಿನದಿಂದ ನನ್ನ ಬಳೆಗಳ ಮೇಲೆ ಅವಳ ಖಾರ ಕೂರುತ್ತಿದೆ. ಗಿರಾಕಿ ಕೈ ಮುಂದೆ ಮಾಡಿದಳೆಂದರೆ ಮೊದಲು ಸೀನು, ಆಮೇಲೆ ವ್ಯಾಪಾರ. ಗಿರಣಿ ಕಿತ್ತು ಹಾಕಿ ಅಂಗಡಿ ಅಗಲ ಮಾಡಿ ಗಾಜಿನ ಶೋಕೇಸು ಇಡಿಸಬೇಕು. ಮುಸ್ತಕೀಮನ ಅಪ್ಪ ಬಿಟ್ಟುಹೋದ ಹಣವಿದೆ, ಕಡಿಮೆ ಬಿದ್ದರೆ ನನ್ನ ಬಂಗಾರವಿದೆ. ಮುಸ್ತಕೀಮನಿಗೆ ಆ ಹಣದಲ್ಲಿ ಇನ್ನೊಂದು ಟಾಟಾ ಏಸ್ ಬೇಕಂತೆ. ಇರುವ ಗಾಡಿಯನ್ನೇ ಮಧ್ಯಾಹ್ನ ನೆರಳಲ್ಲಿ ನಿಲ್ಲಿಸಿ ಮಲಗುತ್ತಾನೆ. ಎರಡಾದರೆ ಎರಡರಲ್ಲೂ ಮಲಗುತ್ತಾನೆಯೇ.

ಕೊಳ್ಳುವುದಾದರೆ ಅಗ್ಗಕ್ಕೆ ಕೊಳ್ಳಬೇಕು. ಅಗ್ಗವಾಗಬೇಕಾದರೆ ಬೇರೆ ಯಾರೂ ಬರಬಾರದು. ಇದಕ್ಕೆ ಬಳೆ ವ್ಯಾಪಾರದಂಥ ಅನುಕೂಲ ಬೇರೊಂದಿಲ್ಲ. ಬಳೆ ಏರಿಸುವಾಗ ಹೆಂಗಸಿನ ಕೈ ನನ್ನ ಕೈಯಲ್ಲಿರುತ್ತದೆ, ಕಿರುಬೆರಳು ಮಡಚಿ ಹಿಡಿದಿರುತ್ತೇನೆ, ಎದ್ದು ಹೋಗುವ ಹಾಗಿಲ್ಲ. ಅಷ್ಟು ಹೊತ್ತು ನಾನು ಹೇಳಿದ್ದನ್ನು ಕೇಳಲೇಬೇಕು, ಮನೆಗೆ ಹೋಗಿ ಗಂಡನಿಗೆ ಹೇಳಲೇಬೇಕು. ಇವತ್ತಿನಿಂದ ಒಂದು ಸಣ್ಣ ಮಾತು ಶುರು ಮಾಡಿದೆ. ಪದ್ಮವ್ವನ ಗಿರಣಿಯ ಕೆಳಗೆ ಹಳೆಯ ಹಗೇವು ಇದೆಯಂತೆ. ಹಿಂದಿನವರು ನೆಲ ಅಗೆದು ಜೋಳ ತುಂಬಿಡುತ್ತಿದ್ದ ಕುಣಿ. ಈಗ ಒಳಗೆಲ್ಲ ಟೊಳ್ಳು, ಯಾವತ್ತು ಕುಸಿಯುತ್ತದೋ ಹೇಳಲಾಗದು.

ಇಲ್ಲವೆಂದು ಯಾರಿಗೆ ಗೊತ್ತು. ಹಳೆಯ ಊರು, ಇದ್ದರೂ ಇದ್ದೀತು.

ಜನವರಿ 22, ಬುಧವಾರ

ಹಗೇವಿನ ಮಾತು ನನಗಿಂತ ಜೋರಾಗಿ ಓಡುತ್ತಿದೆ. ಇವತ್ತು ಒಬ್ಬ ಹೆಂಗಸು ನನಗೇ ಹೇಳಿದಳು, ಹಗೇವಿನೊಳಗೆ ಒಂದು ಎತ್ತು ಬಿದ್ದು ಸತ್ತಿತ್ತಂತೆ. ಎತ್ತನ್ನು ನಾನು ಸೇರಿಸಿರಲಿಲ್ಲ. ಜನ ಧಾರಾಳಿಗಳು.

ಜಾಗ ನೋಡಲು ಬೈಲಹೊಂಗಲದಿಂದ ಬಂದಿದ್ದ ಒಬ್ಬರು ಒಳಗೆ ಕಾಲಿಡದೆ ಹೋದರು. ಇನ್ನೊಬ್ಬ ಮಾತ್ರ ಬಿಡಲಿಲ್ಲ. ಪರಪ್ಪನೆಂದು ಹೆಸರು, ಹಳೆಯ ಕಟ್ಟಡ ಕೊಂಡು ಕೆಡವಿ ಕಾಂಪ್ಲೆಕ್ಸ್ ಕಟ್ಟಿಸುವವನು. ಸುತ್ತಿಗೆಯನ್ನೇ ತಂದಿದ್ದ, ನೆಲ ಬಡಿದು ನೋಡುತ್ತಾನಂತೆ. ಅವನು ಬಗ್ಗಿ ಎರಡು ಸಲ ಬಡಿಯುವಷ್ಟರಲ್ಲಿ ಪದ್ಮವ್ವ ಮಾತಿಲ್ಲದೆ ಗಿರಣಿ ಚಾಲೂ ಮಾಡಿ ಒಂದು ಬುಟ್ಟಿ ಗುಂಟೂರು ಮೆಣಸಿನಕಾಯಿ ಸುರಿದುಬಿಟ್ಟಳು. ಪರಪ್ಪ ಸುತ್ತಿಗೆ ಅಲ್ಲೇ ಬಿಟ್ಟು ಓಡಿ ಬಂದು ನನ್ನ ಅಂಗಡಿಯ ನೀರಿನ ಕೊಡಕ್ಕೆ ಮುಖ ಇಟ್ಟ. ನನ್ನ ಕಣ್ಣಲ್ಲೂ ಮೂಗಲ್ಲೂ ನೀರು. ಮೊದಲ ಸಲ ಆ ಘಾಟಿಗೆ ನನಗೆ ನಗು ಬಂತು. ಒಳಗೆ ಪದ್ಮವ್ವನೂ ನಗುತ್ತಿದ್ದುದು ಕೇಳಿಸಿತು, ತಕ್ಷಣ ಇಬ್ಬರೂ ನಿಲ್ಲಿಸಿದೆವು.

ಫೆಬ್ರುವರಿ 1, ಶನಿವಾರ

ಬೆಳಿಗ್ಗೆಯಿಂದ ಗಿರಣಿಯ ಸದ್ದಿಲ್ಲ. ಎಂಥ ಸುಖ.

ಫೆಬ್ರುವರಿ 3, ಸೋಮವಾರ

ಸದ್ದಿಲ್ಲ. ಮಧ್ಯಾಹ್ನ ಮಲಗಿದೆ, ನಿದ್ದೆ ಬರಲಿಲ್ಲ. ಇಷ್ಟು ವರ್ಷ ಆ ಗಡಗಡದಲ್ಲೇ ಮಲಗಿ ಅಭ್ಯಾಸ. ಗೋಡೆಗೆ ಕಿವಿಗೊಟ್ಟೆ, ಏನಿಲ್ಲ.

ಫೆಬ್ರುವರಿ 5, ಬುಧವಾರ

ಖಾರ ಕುಟ್ಟಿಸುವ ಹಂಗಾಮು ಶುರುವಾಗಿದೆ. ಊರ ಹೆಂಗಸರು ಚೀಲ ಹೊತ್ತುಕೊಂಡು ಪದ್ಮವ್ವನ ಬಾಗಿಲು ದಾಟಿ ಬಸ್ ಸ್ಟ್ಯಾಂಡಿನ ಗಿರಣಿಗೆ ಹೋಗುತ್ತಿದ್ದಾರೆ. ಕೇಳಿದರೆ, ಹಗೇವಿನ ಮೇಲೆ ನಿಂತು ಯಾರು ಸಾಯಬೇಕು ಎನ್ನುತ್ತಾರೆ. ಇದೇನು ಗ್ರಹಚಾರ. ನಾನು ಹೆದರಿಸಿದ್ದು ಕೊಳ್ಳುವವರನ್ನು, ಕುಟ್ಟಿಸುವವರನ್ನಲ್ಲ. ಒಂದು ಮಾತನ್ನು ಸರಿಯಾಗಿ ಹೊತ್ತೊಯ್ಯಲು ಈ ಊರಲ್ಲಿ ಒಬ್ಬಳಿಗಾದರೂ ಬರಬಾರದೇ.

ಪದ್ಮವ್ವ ಮೆಟ್ಟಿಲ ಮೇಲೆ ಕೈ ಕಟ್ಟಿಕೊಂಡು ಕೂತಿದ್ದಳು. ಅವಳು ಕೈ ಕಟ್ಟಿ ಕೂತದ್ದನ್ನು ನಾನು ನೋಡಿದ್ದೇ ಇಲ್ಲ, ಗಂಡ ತೀರಿದ ವಾರವೂ ಗಿರಣಿ ನಡೆಸಿದವಳು. ಬೈಯೋಣವೆಂದರೆ ಬೈಯಲು ಏನೂ ಸಿಗಲಿಲ್ಲ.

ಕೊನೆಗೆ ಮನೆಯ ಮೆಣಸಿನಕಾಯಿ ಬಿಸಿಲಿಗೆ ಹಾಕಿ, ಚೀಲಕ್ಕೆ ತುಂಬಿಕೊಂಡು ನಾನೇ ಹೋದೆ. ಕೊಳ್ಳುವ ಯಂತ್ರ ನಡೆಯುತ್ತದೋ ಇಲ್ಲವೋ ಪರೀಕ್ಷೆ ಮಾಡಬೇಕಲ್ಲ. ಅವಳು ನನ್ನನ್ನು ನೋಡಿದಳು, ಚೀಲವನ್ನು ನೋಡಿದಳು, ತೂಗಿದಳು. ಕುಟ್ಟುತ್ತಾ ತಾನಾಗೇ ಮಾತು ತೆಗೆದಳು.

"ನನ್ನ ಗಿರಣಿ ಕೆಳಗ ಹಗೇವ ಐತಂತ. ಯಾವಾಕಿ ಹೇಳಿದಳೋ, ಅಕಿ ಬಾಯಾಗ ಹುಳ ಬೀಳ್ಲಿ."

ಆಮೀನ್ ಅನ್ನಬೇಕೋ ಬೇಡವೋ ತಿಳಿಯದೆ ಖಾರವನ್ನು ಬೆರಳಲ್ಲಿ ತಿಕ್ಕಿ ನೋಡಿದೆ. ಖಾರ ಮಾತ್ರ ನುಣ್ಣಗೆ ಬಂದಿದೆ. ಬಸ್ ಸ್ಟ್ಯಾಂಡಿನವನು ಹೀಗೆ ಕುಟ್ಟಲಾರ.

ಫೆಬ್ರುವರಿ 7, ಶುಕ್ರವಾರ

ಮಾತನ್ನು ಸ್ವಲ್ಪ ತಿದ್ದಿದೆ. ಇವತ್ತು ಕೈಗೆ ಸಿಕ್ಕ ಪ್ರತಿಯೊಬ್ಬಳಿಗೂ ಹೇಳಿದ್ದು ಹೀಗೆ: ಹಗೇವು ಇರುವುದು ನಿಜ, ಆದರೆ ಗಿರಣಿಯ ಕೆಳಗಲ್ಲ, ಹಿಂದಿನ ಖಾಲಿ ಜಾಗದ ಕೆಳಗೆ. ಈಗಿರುವ ಕಟ್ಟಡ ಕಲ್ಲಿನ ಹಾಗಿದೆ. ಕುಟ್ಟಿಸಹೋದವರಿಗೆ ಏನೂ ಆಗದು. ಕೆಡವಿ ಹೊಸದು ಕಟ್ಟಹೋದವನು ಮಾತ್ರ ಪಿಲ್ಲರ್ ಸಮೇತ ಒಳಗೆ.

ಒಬ್ಬಳು, "ನಿಮಗ ಹೆಂಗ ಗೊತ್ತು ಅಕ್ಕಾರ?" ಎಂದು ಕೇಳಿದಳು. ಅವಳಿಗೆ ಒಂದು ಅಳತೆ ಚಿಕ್ಕ ಬಳೆ ಏರಿಸಿದೆ, ಮುಂದೆ ಕೇಳಲಿಲ್ಲ. ಸಂಜೆ ಗಿರಣಿಯ ಮುಂದೆ ಮೂರು ಚೀಲ ಬಂದು ಕೂತಿದ್ದವು.

ಫೆಬ್ರುವರಿ 12, ಬುಧವಾರ

ಹರಾಜು. ಕೋರ್ಟಿನ ಆವರಣದಲ್ಲಿ ಬೇವಿನ ಮರದ ಕೆಳಗೆ ಅಮೀನರು ಮೇಜು ಹಾಕಿಕೊಂಡಿದ್ದರು. ಫೈನಾನ್ಸಿನ ವಕೀಲ, ಪರಪ್ಪ, ಪರಪ್ಪನ ಪಾಲುದಾರ, ನಾನು, ಬೇಸರದ ಮುಖದ ಮುಸ್ತಕೀಮ. ಪದ್ಮವ್ವ ದೂರದ ಕಟ್ಟೆಯ ಮೇಲೆ ಸೆರಗು ಹೊದ್ದು ಕೂತಿದ್ದಳು. ನಾನು ಬಂದದ್ದು ನೋಡಿ ಮುಖ ತಿರುಗಿಸಿದಳು.

ಅಮೀನರು ಶುರುವಿನ ಬೆಲೆ ಹೇಳಿದರು. ನಾನು ಅದರ ಅರ್ಧ ಹೇಳಿದೆ. ಅವರು ಕನ್ನಡಕದ ಮೇಲಿಂದ ನೋಡಿದರು. "ಅವ್ವಾರ, ಇಲ್ಲಿ ಏರಿಸಬೇಕ್ರಿ, ಇಳಸೂದಲ್ಲ." ಎಲ್ಲರೂ ನಕ್ಕರು. ಹುಟ್ಟಿದಾಗಿನಿಂದ ಪೇಟೆಯಲ್ಲಿ ಇಳಿಸುವುದನ್ನೇ ಕಂಡವಳು ನಾನು, ಹೇಳಿದ ಬೆಲೆಗಿಂತ ಜಾಸ್ತಿ ಕೊಡುತ್ತೇನೆ ಎನ್ನುವುದು ಎಲ್ಲಿಯ ವ್ಯವಹಾರ. ಹಲ್ಲು ಕಚ್ಚಿ ಒಂದು ಸಾವಿರ ಏರಿಸಿದೆ. ಪರಪ್ಪ ಹತ್ತು ಸಾವಿರ ಏರಿಸಿದ. ನಾನು ಮತ್ತೆ ಒಂದು ಸಾವಿರ. ಅವನು ಮತ್ತೆ ಹತ್ತು. ಹೀಗೇ ಹೋಯಿತು. ನನ್ನ ಹಣ ಮುಗಿದು ಬಂಗಾರಕ್ಕೆ ಕೈ ಹಾಕುವ ಹೊತ್ತಾಯಿತು, ಮುಸ್ತಕೀಮ ಹಿಂದಿನಿಂದ ಬುರ್ಖಾ ಎಳೆಯುತ್ತಿದ್ದ.

ಅಷ್ಟರಲ್ಲಿ ಕಟ್ಟೆಯ ಕಡೆ ಕಣ್ಣು ಹೋಯಿತು. ಪದ್ಮವ್ವ ಪರಪ್ಪನ ಬಾಯನ್ನೇ ನೋಡುತ್ತಿದ್ದಳು. ನಾನು ಅಮೀನರನ್ನು ಆವರಣಕ್ಕೆಲ್ಲ ಕೇಳಿಸುವ ಹಾಗೆ ಕೇಳಿದೆ:

"ಸಾಹೇಬ್ರ, ಹಿಂದಿನ ಹಗೇವ ತುಂಬಸೂ ಖರ್ಚು ಕೋರ್ಟಿಂದೋ, ಕೊಂಡವರದೋ?"

ಅಮೀನರು ಹಗೇವಿನ ವಿಷಯ ಕಾಗದದಲ್ಲಿಲ್ಲ ಎಂದರು. ಕಾಗದದಲ್ಲಿ ಇಲ್ಲದಿದ್ದರೆ ಕೊಂಡವರ ಹಣೆಬರಹ ಅನ್ನಿ ಎಂದೆ. ಪರಪ್ಪನ ಪಾಲುದಾರ ಅವನ ಕಿವಿಯಲ್ಲಿ ಏನೋ ಹೇಳಿದ, ಎತ್ತು ಎಂಬ ಮಾತು ನನಗೂ ಕೇಳಿಸಿತು. ಪರಪ್ಪ ಬಾಯಿ ತೆರೆದವನು ಮುಚ್ಚಿದ. ಒಂದು ಸಲ, ಎರಡು ಸಲ, ಮೂರು ಸಲ. ಗಿರಣಿ ನನ್ನದಾಯಿತು. ಅಲ್ಲೇ ಬೆಲೆಯ ಕಾಲು ಭಾಗ ಕಟ್ಟಿದೆ.

ಫೆಬ್ರುವರಿ 13, ಗುರುವಾರ

ಗೆದ್ದೆ. ರಾತ್ರಿಯೆಲ್ಲ ಎದ್ದು ಕೂತು ಬಂಗಾರ ಎಣಿಸಿದೆ.

ಫೆಬ್ರುವರಿ 25, ಮಂಗಳವಾರ

ಬಂಗಾರ ಅಡ ಇಟ್ಟು ಉಳಿದ ಹಣ ಕಟ್ಟಿ ಬಂದೆ. ಕೀಲಿ ಕೊಡಿ ಎಂದೆ. ಅಮೀನರು ನಕ್ಕರು. ಹರಾಜಾದ ದಿನದಿಂದ ಅರವತ್ತು ದಿನ ಕಾಯಬೇಕಂತೆ. ಅಷ್ಟರೊಳಗೆ ಸಾಲಗಾರರು ಪೂರ್ತಿ ಸಾಲ ಕೋರ್ಟಿಗೆ ಕಟ್ಟಿದರೆ ಹರಾಜು ರದ್ದು. ಹಾಗಾದರೆ ನನ್ನ ಗತಿ ಎಂದೆ. ನನ್ನ ಹಣ ನನಗೆ ವಾಪಸು, ಮೇಲೆ ನಾನು ಕೊಟ್ಟ ಬೆಲೆಗೆ ನೂರಕ್ಕೆ ಐದರಂತೆ ಅವರೇ ನನಗೆ ತುಂಬಿಕೊಡಬೇಕು, ಅದು ಕಾಯಿದೆ ಎಂದರು.

ಬಸ್ಸಿನಲ್ಲಿ ಕೂತು ವಿಚಾರ ಮಾಡಿದೆ. ಎರಡು ತಿಂಗಳು ಸುಮ್ಮನೆ ಕೂತರೆ ನೂರಕ್ಕೆ ಐದು. ಗಿರಣಿ ಇಟ್ಟುಕೊಂಡರೆ ಕೆಡವುವ ಖರ್ಚು, ಶೋಕೇಸಿನ ಖರ್ಚು, ಗೌಂಡಿಗಳ ಜೊತೆ ಜಗಳ. ಬುದ್ಧಿ ಇದ್ದವರು ಯಾವುದನ್ನು ಆರಿಸುತ್ತಾರೆ. ಇದು ಶುದ್ಧ ವ್ಯವಹಾರದ ಮಾತು. ಮುಸ್ತಕೀಮನಿಗೆ ಹೇಳಿದರೆ ಅವನು ಮೊಬೈಲು ಕೆಳಗಿಟ್ಟ. "ಅಮ್ಮಾ, ನಿನಗ ಆರಾಮ ಐತಿಲ್ಲೋ?" ಎಂದ.

ಮಾರ್ಚ್ 6, ಗುರುವಾರ

ರಂಜಾನ್ ಶುರುವಾಗಿದೆ. ರೋಜಾ ಹಿಡಿದೇ ಇವತ್ತು ಸಾಲಹಳ್ಳಿಗೆ ಹೋಗಿ ಬಂದೆ.

ಕಾಡಪ್ಪನ ಮಗಳು ವಿಜಯಾಳ ಸೀಮಂತದ ಕುಬಸ, ಚೊಚ್ಚಲ ಬಸುರಿ. ಆ ಮನೆಯ ಹೆಣ್ಣುಮಕ್ಕಳಿಗೆಲ್ಲ ಬಳೆ ಇಟ್ಟವಳು ನಾನೇ, ಹಾಗಾಗಿ ಕಾಡಪ್ಪನ ಹೆಂಡತಿ ಸೀತವ್ವ ಫೋನು ಮಾಡಿ ಹಸಿರು ಬಳೆ ತರಲು ಹೇಳಿದ್ದಳು. ಅಕ್ಕ ಪದ್ಮವ್ವನಿಗೆ ಕರೆ ಇರಲಿಲ್ಲ. ಮುಸ್ತಕೀಮನ ಗಾಡಿಯಲ್ಲಿ ಹೋದೆ. ಅಂಗಳದಲ್ಲಿ ಹೊಸ ಟ್ರ್ಯಾಕ್ಟರು, ಮೂತಿಗೆ ಹಾರ. ಹೆಂಡತಿಯ ಹೆಸರಲ್ಲಿ ತೆಗೆದದ್ದಂತೆ. ಸಿರಸಂಗಿಯಿಂದ ಬೀಗರು ಬಂದು ಪಡಸಾಲೆ ತುಂಬಿದ್ದರು.

ಬಂದ ಕೂಡಲೇ ಶರಬತ್ತು ತಂದರು, ಬೇಡವೆಂದೆ. ಹೋಳಿಗೆ ತಂದರು, ಬೇಡವೆಂದೆ. ಸೀತವ್ವ ನೀರಾದರೂ ಕುಡಿಯಿರಿ ಎಂದಳು. "ಇವತ್ತ ಈ ಮನ್ಯಾಗ ನಾ ನೀರೂ ಮುಟ್ಟಂಗಿಲ್ಲವಾ" ಎಂದೆ. ರೋಜಾ ಇದೆ ಎಂದು ಅವಳಿಗೆ ಹೊಳೆಯಬೇಕಿತ್ತು, ಗಡಿಬಿಡಿಯಲ್ಲಿ ಹೊಳೆಯಲಿಲ್ಲ. ಕೇಳದ್ದಕ್ಕೆ ಉತ್ತರ ಕೊಡುವುದು ನನ್ನ ಪದ್ಧತಿಯಲ್ಲ. ಕುಬಸದಲ್ಲಿ ಬಳೆ ಇಟ್ಟವಳು ಬೇಸರದಿಂದ ಹೊಸಿಲು ದಾಟಬಾರದು ಎನ್ನುತ್ತಾರೆ, ಸೀತವ್ವನ ಮುಖ ಹುಣಸೆಹಣ್ಣಾಯಿತು.

ವಿಜಯಾಳ ಎರಡೂ ಕೈಗೆ ಬಳೆ ತುಂಬಿಸಿದೆ. ಒಳ್ಳೆಯ ಹುಡುಗಿ, ಅವಳ ತಲೆ ಮೇಲೆ ಕೈ ಇಟ್ಟು ಮನಸಾರೆ ಹರಸಿದೆ. ಅದು ಬೇರೆ ಖಾತೆ. ಸೀತವ್ವ ತಟ್ಟೆಯಲ್ಲಿ ಕಾಯಿ, ರವಿಕೆಯ ಕಣ, ನೋಟು ಇಟ್ಟು ತಂದಳು. ನಾನು ಮುಟ್ಟಲಿಲ್ಲ. ಕಾಡಪ್ಪನೇ ಬಂದು ಇನ್ನೇನು ಬೇಕು ಕೇಳಿರಿ ಅಕ್ಕಾರ ಎಂದ, ಬೀಗರ ಮುಂದೆ ದೊಡ್ಡಸ್ತಿಕೆಗೆ.

"ನಿಮ್ಮ ಅಕ್ಕನ ಗಿರಣಿ ಬಿಡಿಸಿ ಕೊಡ್ರಿ. ನನಗ ಅದ ಉಡುಗೊರಿ."

ವಿಜಯಾಳ ಅತ್ತೆ ಯಾವ ಗಿರಣಿ ಎಂದು ಕೇಳಿದಳು. ಕೇಳಿದ್ದಕ್ಕೆ ಉತ್ತರ ಕೊಡುವುದು ನನ್ನ ಪದ್ಧತಿ. ಬೋರಿನ ಗಾಡಿಯಿಂದ ಹಲಗೆಯವರೆಗೆ ಒಂದೂ ಬಿಡದೆ ಹೇಳಿದೆ, ಟ್ರ್ಯಾಕ್ಟರಿನ ಬಣ್ಣ ಚೆನ್ನಾಗಿದೆ ಎಂದೂ ಹೇಳಿದೆ. ಬೀಗತಿ ಕಾಡಪ್ಪನ ಕಡೆ ತಿರುಗಿ, ಹೆತ್ತವ್ವನ ಹಾಗೆ ಸಾಕಿದ ಅಕ್ಕನನ್ನು ಬೀದಿಗೆ ಹಾಕಿದವರ ಮನೆಯಿಂದ ನಾವು ಹೆಣ್ಣು ತಂದೆವೇ ಎಂದಳು. ಆಮೇಲೆ ಅವಳು ನನ್ನನ್ನು ಕೇಳಿದಳು, ಗಿರಣಿ ಈಗ ಯಾರ ಹೆಸರಲ್ಲಿದೆ ಎಂದು. ನಾನೇ ಕೊಂಡಿದ್ದೇನೆ ಎಂದೆ.

"ಅಯ್ಯ, ಹಂಗಾದ್ರ ಬಿಡಿಸಿದ್ರ ನಿಮಗೇನ್ ಸಿಗತೈತಿ?"

"ನೂರಕ್ಕ ಐದು" ಎಂದೆ. ಅವಳಿಗೆ ಅರ್ಥವಾಗಲಿಲ್ಲ. ಕಾಯಿದೆ ಎಲ್ಲರಿಗೂ ತಿಳಿಯುವುದಿಲ್ಲ.

ಮಾರ್ಚ್ 31, ಸೋಮವಾರ

ಈದ್. ಸುರಕುಂಬಾ ಪಾಯಸ ಉಳಿಯಿತು, ಒಂದು ಡಬ್ಬಿ ಗಿರಣಿಗೆ ಕಳಿಸಿದೆ. ಉಳಿದಿತ್ತು ಎಂದು ಕಳಿಸಿದ್ದು. ಡಬ್ಬಿ ತೊಳೆದು ವಾಪಸು ಬಂತು, ಒಳಗೆ ಬೆಲ್ಲದ ಚೂರು. ಬಾಯಲ್ಲಿ ಮಾತ್ರ ಒಂದು ಮಾತಿಲ್ಲ. ನಾನು ಗಿರಣಿ ಕೊಂಡವಳಲ್ಲವೇ.

ಏಪ್ರಿಲ್ 4, ಶುಕ್ರವಾರ

ಕಾಡಪ್ಪನಿಂದ ಸುದ್ದಿ ಇಲ್ಲ. ಅರವತ್ತು ದಿನ ಮುಗಿಯುತ್ತ ಬಂತು, ಕೊನೆಯ ದಿನ ರವಿವಾರ ಬೇರೆ. ಊಟ ಸೇರುತ್ತಿಲ್ಲ. ನೂರಕ್ಕೆ ಐದು ಎಂದರೆ ಸಣ್ಣ ಮೊತ್ತವಲ್ಲ, ಚಿಂತೆಯಾಗುವುದು ಸಹಜ. ಸೀತವ್ವನಿಗೆ ಫೋನು ಮಾಡಿ ಟ್ರ್ಯಾಕ್ಟರು ಕ್ಷೇಮವೇ ಎಂದು ಕೇಳಿದೆ. ಫೋನು ಇಟ್ಟಳು. ವಿಜಯಾಳ ಅತ್ತೆಗೆ ಮಾಡಿದೆ. ಅವಳು ಇಡಲಿಲ್ಲ, ನಾವಿಬ್ಬರೂ ಬಹಳ ಹೊತ್ತು ಮಾತಾಡಿದೆವು. ಒಳ್ಳೆಯ ಹೆಂಗಸು, ಇನ್ನೊಂದು ಸಲ ಮಾಡು ಎಂದಿದ್ದಾಳೆ.

ಏಪ್ರಿಲ್ 9, ಬುಧವಾರ

ಟ್ರ್ಯಾಕ್ಟರು ಮಾರಿದ್ದಾರೆ. ಕಾಡಪ್ಪ ನಿನ್ನೆ ಸಂಜೆ ಬಂದು ಗಿರಣಿಯ ಬಾಗಿಲಲ್ಲಿ ನಿಂತ, ಪದ್ಮವ್ವ ಒಳಗೆ ಕರೆಯುವ ಮೊದಲು ಅವನಿಗೆ ಕೇಳಿಸಿದ ಬೈಗುಳವನ್ನು ನಾನು ಗೋಡೆಗೆ ಕಿವಿ ಇಟ್ಟು ಪೂರ್ತಿ ಕೇಳಿದೆ. ನನಗೆ ಬೈಯುವಾಗ ಅವಳು ಎಷ್ಟೊಂದು ಕಡಿಮೆ ಬೈಯುತ್ತಿದ್ದಳು ಎಂದು ಗೊತ್ತಾಯಿತು. ಇವತ್ತು ಅಕ್ಕ ತಮ್ಮ ಹೋಗಿ ಕೋರ್ಟಿಗೆ ಪೂರ್ತಿ ಕಟ್ಟಿ ಬಂದರು, ನನ್ನ ಐದು ಸಮೇತ.

ರಾತ್ರಿ ಎರಡು ರೊಟ್ಟಿ ಜಾಸ್ತಿ ತಿಂದೆ. ಲಾಭ ಬಂದರೆ ಹಸಿವಾಗುತ್ತದೆ.

ಏಪ್ರಿಲ್ 24, ಗುರುವಾರ

ಇವತ್ತು ಕೋರ್ಟಿನಲ್ಲಿ ನನ್ನ ಹೆಸರು ಕೂಗಿದರು. ಕಟಕಟೆ ಹಿಡಿದು ನಿಂತೆ. ಜಡ್ಜ್ ಸಾಹೇಬರು ಚಿಕ್ಕ ವಯಸ್ಸಿನವರು, ಸಮಾಧಾನವಾಗಿ ಕೇಳಿದರು: ಸಾಲ ತೀರಿದೆ, ಹರಾಜು ರದ್ದು ಮಾಡಲು ಕೇಳಿದ್ದಾರೆ, ಕೊಂಡವರಾದ ನಿಮ್ಮ ತಕರಾರು ಏನಾದರೂ ಇದೆಯೇ.

ಪದ್ಮವ್ವ ಪಕ್ಕದಲ್ಲೇ ನಿಂತಿದ್ದಳು, ನನ್ನ ಕಡೆ ನೋಡಲಿಲ್ಲ. ಅವಳ ಮೇಲೆ ನನಗಿರುವ ತಕರಾರು ಹೇಳಹೋದರೆ ಕೋರ್ಟು ಬೇಸಿಗೆ ರಜೆಯಲ್ಲೂ ಕೂರಬೇಕಾದೀತು. ಬಾಯಿ ತೆರೆದೆ. "ಏನೂ ತಕರಾರ ಇಲ್ರಿ ಸಾಹೇಬ್ರ" ಎಂದೆ. ಹರಾಜು ರದ್ದಾಯಿತು. ಗಿರಣಿ ಪದ್ಮವ್ವನದೇ.

ಮುನವಳ್ಳಿ ಬಸ್ಸಿನಲ್ಲಿ ಜೋಡಿ ಸೀಟು ಒಂದೇ ಖಾಲಿ ಇತ್ತು, ಇಬ್ಬರೂ ಒಟ್ಟಿಗೇ ಕೂರಬೇಕಾಯಿತು. ಕಂಡಕ್ಟರ್ ಇಬ್ಬರಿಗೂ ಪುಕ್ಕಟೆ ಟಿಕೆಟ್ಟು ಹರಿದು ಕೊಟ್ಟ. ಸವದತ್ತಿಯ ಅಗಸಿ ದಾಟುವ ತನಕ ಅವಳು ಕಿಟಕಿಯ ಹೊರಗೆ ನೋಡುತ್ತಿದ್ದಳು. ಆಮೇಲೆ ಅಲ್ಲೇ ನೋಡುತ್ತ ಮಾತಾಡಿದಳು.

"ಹಲಗಿ ಬಾರಿಸಿದಾಗಿಂದ ನಾ ಕಣ್ಣ ಮುಚ್ಚಿರಲಿಲ್ಲ ಮದರಬಿ. ನೀ ಕೊಂಡಿ ನೋಡು, ಅವತ್ತ ನನಗ ನಿದ್ದಿ ಬಂತು. ಪರಪ್ಪ ಕೊಂಡಿದ್ರ ನಾ ಬೀದ್ಯಾಗ ಇರತಿದ್ದೆ. ನೀ ಬೈತಿ, ಆದ್ರ ಹೊರಗ ಹಾಕಾಕಿ ಅಲ್ಲ."

ನನಗೆ ಸಿಟ್ಟು ನೆತ್ತಿಗೇರಿತು. ಎಷ್ಟು ಸಲಿಗೆ ಇವಳದು. ನನ್ನ ಬಂಗಾರ ಅಡ ಬಿದ್ದಿತ್ತು, ನಾನು ರಾತ್ರಿಯೆಲ್ಲ ಎದ್ದು ಕೂತಿದ್ದೆ, ಇವಳು ಆ ಕಡೆ ಗೋಡೆಯಾಚೆ ಆರಾಮ ಮಲಗಿದ್ದಳಂತೆ. ಹೊರಗೆ ಹಾಕುವವಳೇ ಇದ್ದೆ. ಬೀಗ ಕೂಡ ನೋಡಿಟ್ಟಿದ್ದೆ. ಇಲ್ಲಿ ಬರೆದಿಡುತ್ತೇನೆ, ನಾಳೆ ಯಾರೂ ಬೇರೆ ಹೇಳಬಾರದು.

"ಹಾಕತಿದ್ದೆ" ಎಂದೆ.

"ಹೂಂ, ಹಾಕತಿದ್ದಿ" ಎಂದಳು, ಕೂಸನ್ನು ಸಮಾಧಾನ ಮಾಡುವವರ ಹಾಗೆ.

ಬಸ್ಸು ಇಳಿಯುವ ತನಕ ನಾನು ಅವಳಿಗೆ ಬೆನ್ನು ಮಾಡಿ ಕೂತಿದ್ದೆ. ಕೋರ್ಟಿನ ಕಾಗದವಿದ್ದ ಅವಳ ಚೀಲ ಮಾತ್ರ ನನ್ನ ತೊಡೆಯ ಮೇಲೆ ಇಟ್ಟುಕೊಂಡಿದ್ದೆ, ಇವಳು ಅದನ್ನು ಬಸ್ಸಿನಲ್ಲೇ ಬಿಟ್ಟು ಇಳಿದರೆ ಮತ್ತೆ ಯಾರು ಕೋರ್ಟಿಗೆ ಅಲೆಯಬೇಕು.